ಕೋಟಾ ಇದ್ದೂ ಕೈಗೆ ಸಿಗದ ಬಡ್ತಿ: ದಾವಣಗೆರೆಯ ಒಂದು ಪ್ರಕರಣ

ಇದು ದಾವಣಗೆರೆ ಜಿಲ್ಲೆಯ ಒಂದು ಸರ್ಕಾರಿ ಕಚೇರಿಯಲ್ಲಿ ನಡೆದದ್ದು. ಇಲಾಖೆ ಯಾವುದು, ತಾಲ್ಲೂಕು ಯಾವುದು ಅಂತ ಹೇಳುವುದಿಲ್ಲ. ಹುದ್ದೆಗಳ ಸಂಖ್ಯೆ, ಮನೆಯ ವಿವರ ಇಂಥದ್ದನ್ನೂ ಬದಲಿಸಿದ್ದೇನೆ. ಕಾನೂನು, ತೀರ್ಪು, ಅವುಗಳ ದಿನಾಂಕ ಮಾತ್ರ ಇದ್ದದ್ದು ಇದ್ದಂತೆ. ಆ ನೌಕರರನ್ನು ಕಚೇರಿಯಲ್ಲಿ ಎಲ್ಲರೂ ಅಕ್ಕ ಅಂತಲೇ ಕರೆಯುತ್ತಿದ್ದರು. ನಾನೂ ಹಾಗೇ ಬರೆಯುತ್ತೇನೆ.

ನಾನು ಬೇರೊಂದು ಇಲಾಖೆಯ ಸಿಬ್ಬಂದಿ ಶಾಖೆಯಲ್ಲಿ ದುಡಿದು ನಿವೃತ್ತನಾದವನು. ಈಗ ನೌಕರರಿಗೆ ಸೇವಾ ವಿಷಯದ ಮನವಿ ಬರೆದುಕೊಡುತ್ತೇನೆ. ವಿಕಲಚೇತನ ನೌಕರರು ಬಂದಾಗ ಮೊದಲು ಕೇಳುವುದು ಒಂದೇ ಪ್ರಶ್ನೆ: "ಬಡ್ತಿಯಲ್ಲಿ ನಮಗೆ ಮೀಸಲಾತಿ ಐತೇನ್ರೀ?" ಇದಕ್ಕೆ ಸುಪ್ರೀಂ ಕೋರ್ಟ್ ಉತ್ತರ ಕೊಟ್ಟು ವರ್ಷಗಳೇ ಆದವು. ಕಚೇರಿಯಲ್ಲಿ ಅವರು ಸೋಲುವುದು ಬೇರೆ ಪ್ರಶ್ನೆಗಳಲ್ಲಿ. ಯಾವ ಹುದ್ದೆ? ಯಾವ ವರ್ಷ ಖಾಲಿಯಾದದ್ದು? ಅದರ ಲೆಕ್ಕ ಯಾರ ಹತ್ತಿರ ಇದೆ? ಅಕ್ಕನ ಪ್ರಕರಣ ತಿರುಗಿದ್ದು ಅಲ್ಲೇ, ಅರ್ಧಕ್ಕೆ ನಿಂತದ್ದೂ ಅಲ್ಲೇ.

ಹಿನ್ನೆಲೆ

ಅಕ್ಕನಿಗೆ ಚಿಕ್ಕಂದಿನಲ್ಲೇ ಪೋಲಿಯೊ ಆಗಿತ್ತು. ಬಲಗಾಲಿಗೆ ಶಕ್ತಿ ಇಲ್ಲ. ಕ್ಯಾಲಿಪರ್ ಹಾಕಿಕೊಂಡು, ಊರುಗೋಲು ಹಿಡಿದು ನಡೆಯುತ್ತಾರೆ. ಗಂಡ ಸರ್ಕಾರಿ ನೌಕರರಾಗಿದ್ದರು, ಸೇವೆಯಲ್ಲಿದ್ದಾಗಲೇ ತೀರಿಕೊಂಡರು. 1993ರಲ್ಲಿ ಅನುಕಂಪದ ಆಧಾರದ ಮೇಲೆ ಅಕ್ಕನಿಗೆ ದ್ವಿತೀಯ ದರ್ಜೆ ಸಹಾಯಕರ ಕೆಲಸ ಸಿಕ್ಕಿತು. ಆಗ ದಾವಣಗೆರೆ ಇನ್ನೂ ಚಿತ್ರದುರ್ಗ ಜಿಲ್ಲೆಯಲ್ಲಿತ್ತು. 1997ರ ಆಗಸ್ಟ್ 15ರಂದು ದಾವಣಗೆರೆ ಬೇರೆ ಜಿಲ್ಲೆಯಾಯಿತು. ಸಿಬ್ಬಂದಿ ಹಂಚಿಕೆಯಾಯಿತು, ಸೇವಾ ಪುಸ್ತಕಗಳು ದುರ್ಗದಿಂದ ಇಲ್ಲಿಗೆ ಬಂದವು. ಅಕ್ಕನ ಸೇವಾ ಪುಸ್ತಕದಲ್ಲಿ ನೇಮಕಾತಿ ವಿಧಾನದ ಮುಂದೆ ‘ಅನುಕಂಪ’ ಅಂತ ಇತ್ತು. ಅಂಗವಿಕಲತೆಯ ಬಗ್ಗೆ ಒಂದು ಸಾಲೂ ಇರಲಿಲ್ಲ. ಆ ಕೋಟಾದಲ್ಲಿ ಬಂದವರಲ್ಲವಾದ್ದರಿಂದ ಬರೆಯುವ ಅಗತ್ಯ ಯಾರಿಗೂ ಕಂಡಿರಲಿಲ್ಲ.

2004ರಲ್ಲಿ ಅವರು ಪ್ರಥಮ ದರ್ಜೆ ಸಹಾಯಕರಾದರು. ಮುಂದಿನ ಮೆಟ್ಟಿಲು ಅಧೀಕ್ಷಕರ ಹುದ್ದೆ. 2016ರ ಹೊತ್ತಿಗೆ ಆ ವೃಂದದಲ್ಲಿ ಕೆಲವರು ನಿವೃತ್ತರಾಗಿ ಹುದ್ದೆ ಖಾಲಿಯಾದವು. ಆದರೆ ತುಂಬಲಿಲ್ಲ. 2017ರ ಫೆಬ್ರವರಿ 9ರಂದು ಬಿ.ಕೆ. ಪವಿತ್ರ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ತೀರ್ಪು ಬಂತು. ಪರಿಶಿಷ್ಟರಿಗೆ ಬಡ್ತಿ ಮೀಸಲಾತಿಯಿಂದ ಸಿಕ್ಕ ಜ್ಯೇಷ್ಠತೆಯ ವಿಚಾರದಲ್ಲಿ ರಾಜ್ಯದ ಕಾಯ್ದೆ ಬಿದ್ದುಹೋಯಿತು. ಜ್ಯೇಷ್ಠತಾ ಪಟ್ಟಿಗಳನ್ನೆಲ್ಲ ಮತ್ತೆ ಮಾಡಬೇಕಾಯಿತು. ರಾಜ್ಯ ಹೊಸ ಕಾಯ್ದೆ ತಂದಿತು. 2019ರ ಮೇ 10ರಂದು ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿಯಿತು. ಅಲ್ಲಿಯವರೆಗೆ ಎಷ್ಟೋ ಕಚೇರಿಗಳಲ್ಲಿ ಹುದ್ದೆಗಳು ಪ್ರಭಾರದ ಮೇಲೆಯೇ ನಡೆದವು.

ಅಕ್ಕನಿಗೂ ಹಾಗೇ ಒಂದು ತಾಲ್ಲೂಕು ಕಚೇರಿಯ ಅಧೀಕ್ಷಕರ ಪ್ರಭಾರ ಕೊಟ್ಟರು. 2018ರಿಂದ ಆ ಕೆಲಸ ಅವರೇ ಮಾಡಿದರು. ತಪಾಸಣೆಗೆ ಹೋದರು, ಆಡಿಟ್ ಆಕ್ಷೇಪಣೆಗೆ ಉತ್ತರ ಬರೆದರು, ಖಜಾನೆಗೆ ಬಿಲ್ಲು ಕಳಿಸಿದರು. ಪ್ರಭಾರ ಭತ್ಯೆಯೂ ಬಂತು. ಹುದ್ದೆ ಮಾತ್ರ ಅವರದ್ದಲ್ಲ.

ಸಮಸ್ಯೆ ಎಲ್ಲಿ ಶುರುವಾಯಿತು

2019ರ ಕೊನೆಗೆ ಇಲಾಖಾ ಮುಂಬಡ್ತಿ ಸಮಿತಿ ಸೇರಿತು. ಐದು ಹುದ್ದೆಗೆ ಐದು ಜನರ ಹೆಸರು ಬಂತು. ಅಕ್ಕ ಜ್ಯೇಷ್ಠತೆಯಲ್ಲಿ ತುಂಬಾ ಕೆಳಗಿದ್ದರು, ಹಾಗಾಗಿ ಅವರ ಹೆಸರು ಇರಲಿಲ್ಲ. ಆ ಐವರಲ್ಲಿ ಒಬ್ಬರು, ದೂರದ ತಾಲ್ಲೂಕು ಬೇಡ ಅಂತ ಬಡ್ತಿ ನಿರಾಕರಿಸಿ ಬರೆದುಕೊಟ್ಟರು. ಅದು ಅಕ್ಕ ಪ್ರಭಾರದಲ್ಲಿದ್ದ ಹುದ್ದೆಯೇ. ಮತ್ತೆ ಖಾಲಿ ಉಳಿಯಿತು.

2020ರ ಜನವರಿ 14ರಂದು ಸಿದ್ದರಾಜು ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ತೀರ್ಪು ಬಂತು. ಎದುರುವಾದಿ ಕರ್ನಾಟಕ ರಾಜ್ಯವೇ. ಹಿನ್ನೆಲೆ ಸ್ವಲ್ಪ ಹೇಳಬೇಕು. 1992ರ ಇಂದ್ರಾ ಸಾಹನಿ ತೀರ್ಪು ಹಿಂದುಳಿದ ವರ್ಗಗಳಿಗೆ ಬಡ್ತಿಯಲ್ಲಿ ಮೀಸಲಾತಿ ಇಲ್ಲ ಅಂದಿತ್ತು. ಪರಿಶಿಷ್ಟರಿಗೆ ಆಮೇಲೆ ಸಂವಿಧಾನ ತಿದ್ದುಪಡಿಯಿಂದ ದಾರಿಯಾಯಿತು. ವಿಕಲಚೇತನರಿಗೆ ಅಂಥ ತಿದ್ದುಪಡಿ ಇಲ್ಲ, ಹಾಗಾಗಿ ಅವರಿಗೂ ಬಡ್ತಿಯಲ್ಲಿ ಇಲ್ಲ ಅಂತ ಕಚೇರಿಗಳು ನಂಬಿದ್ದವು. 2016ರ ಜೂನ್ 30ರಂದು ರಾಜೀವ್ ಕುಮಾರ್ ಗುಪ್ತಾ ಪ್ರಕರಣದಲ್ಲಿ ಇಬ್ಬರು ನ್ಯಾಯಮೂರ್ತಿಗಳು ಈ ನಂಬಿಕೆ ತಪ್ಪು ಅಂದರು. ಪ್ರಸಾರ ಭಾರತಿಯ ಎಂಜಿನಿಯರುಗಳ ಪ್ರಕರಣ ಅದು. ಅಂಗವಿಕಲತೆಯ ಮೀಸಲಾತಿ ಹಿಂದುಳಿದ ವರ್ಗದ ಮೀಸಲಾತಿ ಅಲ್ಲ, ಆ ನಿಷೇಧ ಇದಕ್ಕೆ ತಾಗುವುದಿಲ್ಲ ಅನ್ನುವುದು ಅದರ ತಿರುಳು. ಅದರ ಮೇಲೆ ಸಂಶಯ ಎದ್ದು ಮೂವರ ಪೀಠಕ್ಕೆ ಹೋಯಿತು. ಸಿದ್ದರಾಜು ಪ್ರಕರಣದಲ್ಲಿ ಆ ಪೀಠ ಅದನ್ನೇ ಎತ್ತಿಹಿಡಿಯಿತು.

ಪತ್ರಿಕೆಯಲ್ಲಿ ಈ ಸುದ್ದಿ ಓದಿ ಅಕ್ಕ ಫೆಬ್ರವರಿಯಲ್ಲಿ ಮನವಿ ಕೊಟ್ಟರು. ಉತ್ತರ ಬರಲು ಡಿಸೆಂಬರ್ ಆಯಿತು. ಹಿಂಬರಹದಲ್ಲಿದ್ದದ್ದು ಇಷ್ಟೇ: ವಿಕಲಚೇತನರ ಮೀಸಲಾತಿ ನೇರ ನೇಮಕಾತಿಗೆ ಮಾತ್ರ. ತಾವು ಆ ಮೀಸಲಾತಿಯಡಿ ನೇಮಕಗೊಂಡವರೂ ಅಲ್ಲ. ಆದ್ದರಿಂದ ಮನವಿಯನ್ನು ಪರಿಗಣಿಸಲು ಅವಕಾಶವಿರುವುದಿಲ್ಲ.

ಏನೇನು ಮಾಡಿದೆವು

ಸಂಘದ ಪದಾಧಿಕಾರಿಗಳು ಸಾಹೇಬರನ್ನು ಕಂಡು ಬಂದರು. ಏನೂ ಆಗಲಿಲ್ಲ. ವಿಕಲಚೇತನರ ರಾಜ್ಯ ಆಯುಕ್ತರಿಗೆ ದೂರು ಹೋಯಿತು. ಅವರು ಇಲಾಖೆಯಿಂದ ವರದಿ ಕೇಳಿದರು, ಇಲಾಖೆ ಹಿಂಬರಹದ ಮಾತನ್ನೇ ಮತ್ತೆ ಬರೆದು ಕಳಿಸಿತು. ಆಯುಕ್ತರು ಶಿಫಾರಸು ಮಾಡಬಹುದು, ಕೋರ್ಟಿನ ಹಾಗೆ ಆದೇಶ ಕೊಡಲು ಬರುವುದಿಲ್ಲ. ಇದನ್ನು ತಿಳಿಯದೆ ಅಲ್ಲೇ ಕಾಯುತ್ತಾ ಕೂತವರನ್ನು ನಾನು ನೋಡಿದ್ದೇನೆ. ಕೆಎಟಿಗೆ, ಅಂದರೆ ಸರ್ಕಾರಿ ನೌಕರರ ಸೇವಾ ವ್ಯಾಜ್ಯ ಕೇಳುವ ಕರ್ನಾಟಕ ಆಡಳಿತ ನ್ಯಾಯಮಂಡಳಿಗೆ, ಹೋಗಲು ಅಂತಿಮ ಆದೇಶದಿಂದ ಒಂದು ವರ್ಷದ ಅವಧಿ. ಆಯುಕ್ತರ ಮುಂದೆ ದೂರು ಇದ್ದರೂ ಆ ಅವಧಿ ಓಡುತ್ತಲೇ ಇರುತ್ತದೆ. ಮೇಲಿಂದ ಮೇಲೆ ಮನವಿ ಕೊಟ್ಟರೂ ಅದು ಹಿಗ್ಗುವುದಿಲ್ಲ. ಅಕ್ಕನಿಗೆ ಒಂದು ಅನುಕೂಲವಿತ್ತು. ಕೋವಿಡ್ ಕಾರಣಕ್ಕೆ ಸುಪ್ರೀಂ ಕೋರ್ಟ್ 2020ರ ಮಾರ್ಚ್ 15ರಿಂದ 2022ರ ಫೆಬ್ರವರಿ 28ರವರೆಗಿನ ಕಾಲವನ್ನು ಅವಧಿಯ ಲೆಕ್ಕದಿಂದ ಬಿಟ್ಟಿತ್ತು.

ಅವರು ನನ್ನ ಹತ್ತಿರ ಬಂದದ್ದು 2021ರಲ್ಲಿ. ಹಳೇ ಮನವಿಗಳ ಕಟ್ಟು ತಂದಿದ್ದರು. ಎಲ್ಲದರಲ್ಲೂ ಇದ್ದದ್ದು ಅವರ ಕಷ್ಟ. ಕಾಲು, ಗಂಡನ ಸಾವು, ಮಕ್ಕಳ ಓದು. ಎಲ್ಲಾ ನಿಜವೇ. ಆದರೆ ಮುಂಬಡ್ತಿ ಸಮಿತಿ ಕಷ್ಟ ನೋಡಿ ಬಡ್ತಿ ಕೊಡುವುದಿಲ್ಲ, ಕೊಡಲೂ ಬಾರದು. ಹೀಗೆ ಬರೆದ ಮನವಿಯನ್ನು ತಿರಸ್ಕರಿಸುವುದು ಯಾವ ಗುಮಾಸ್ತರಿಗೂ ಸುಲಭ.

ನಾವು ಕೇಳುವುದನ್ನೇ ಬದಲಿಸಿದೆವು. ಬಡ್ತಿ ಕೊಡಿ ಅನ್ನುವುದನ್ನು ಬದಿಗಿಟ್ಟು ಮಾಹಿತಿ ಹಕ್ಕಿನಲ್ಲಿ ಮೂರು ಸಂಗತಿ ಕೇಳಿದೆವು. 1996ರ ಫೆಬ್ರವರಿ 7ರಿಂದ, ಅಂದರೆ ಹಳೇ ಅಂಗವಿಕಲರ ಕಾಯ್ದೆ ಜಾರಿಯಾದ ದಿನದಿಂದ, ಅಧೀಕ್ಷಕರ ವೃಂದದಲ್ಲಿ ಬಡ್ತಿಯಿಂದ ತುಂಬಿದ ಹುದ್ದೆ ಎಷ್ಟು? ಅದರಲ್ಲಿ ವಿಕಲಚೇತನರು ಎಷ್ಟು? ಅವರ ಮೀಸಲಾತಿಯ ರಿಜಿಸ್ಟರಿನ ನಕಲು ಕೊಡಿ. ಉತ್ತರ ಬಂತು. ತುಂಬಿದ್ದು 70. ವಿಕಲಚೇತನರು ಸೊನ್ನೆ. ರಿಜಿಸ್ಟರ್ ನಿರ್ವಹಿಸಿರುವುದಿಲ್ಲ.

ಇಡೀ ಪ್ರಕರಣ ನಿಂತದ್ದು ಈ ಒಂದು ಹಾಳೆಯ ಮೇಲೆ. ಯಾಕೆ ಅಂತ ಬಿಡಿಸಿ ಹೇಳುತ್ತೇನೆ. ಕಚೇರಿಯವರ ದೊಡ್ಡ ವಾದ ಇದು: ವೃಂದದಲ್ಲಿ ಇರುವುದೇ 28 ಹುದ್ದೆ, ಹಳೇ ಕಾಯ್ದೆಯ ಮೀಸಲಾತಿ ಶೇ 3 ಅಂದರೆ ಒಂದು ಹುದ್ದೆಯೂ ಬರುವುದಿಲ್ಲ. ಕೇಳಿದರೆ ಸರಿ ಅನಿಸುತ್ತೆ, ಅಲ್ವಾ? ಆದರೆ ಲೆಕ್ಕ ಹಾಕುವುದು ಖಾಲಿಯಾಗುತ್ತಾ ಬಂದ ಹುದ್ದೆಗಳ ಮೇಲೆ, ವರ್ಷದಿಂದ ವರ್ಷಕ್ಕೆ ಕೂಡಿಸುತ್ತಾ. ಕೇಂದ್ರ ಸರ್ಕಾರದ 2005ರ ಡಿಸೆಂಬರ್ 29ರ ಸೂಚನೆಯಲ್ಲಿ ಇದರ ಕ್ರಮ ಚೆನ್ನಾಗಿದೆ. 100 ಬಿಂದುಗಳ ರಿಜಿಸ್ಟರ್. ಬಿಂದು ಅಂದರೆ ತುಂಬುವ ಹುದ್ದೆಯ ಸರದಿ ಸಂಖ್ಯೆ. ಅದರಲ್ಲಿ 1, 34 ಮತ್ತು 67ನೇ ಬಿಂದು ವಿಕಲಚೇತನರಿಗೆ. ದೃಷ್ಟಿ, ಶ್ರವಣ, ಚಲನೆ, ಈ ಮೂರು ವರ್ಗಕ್ಕೆ ತಲಾ ಒಂದು. ಆ ಸೂಚನೆ ನಮ್ಮ ರಾಜ್ಯದ ಕಚೇರಿಯನ್ನು ಕಟ್ಟಿಹಾಕುವುದಿಲ್ಲ. ಆದರೆ ಲೆಕ್ಕ ಹಾಕಲು ಸಾಧ್ಯವೇ ಇಲ್ಲ ಅನ್ನುವವರಿಗೆ ಅದು ಉತ್ತರ. 70 ಹುದ್ದೆ ತುಂಬಿದ್ದಾರೆ ಅಂದರೆ ಮೂರೂ ಬಿಂದು ದಾಟಿ ಹೋಗಿವೆ. ಮೂರರಲ್ಲೂ ಬೇರೆಯವರು ಕೂತಿದ್ದಾರೆ. 2013ರ ಅಕ್ಟೋಬರ್ 8ರಂದು ರಾಷ್ಟ್ರೀಯ ಅಂಧರ ಒಕ್ಕೂಟದ ಪ್ರಕರಣದಲ್ಲೂ ಸುಪ್ರೀಂ ಕೋರ್ಟ್ ವೃಂದದ ಒಟ್ಟು ಖಾಲಿ ಹುದ್ದೆಗಳ ಮೇಲೇ ಲೆಕ್ಕ ಹಾಕಬೇಕು, ವಿಕಲಚೇತನರಿಗೆ ಅಂತ ಗುರುತಿಸಿದ ಹುದ್ದೆಗಳ ಮೇಲೆ ಮಾತ್ರ ಅಲ್ಲ ಅಂದಿದೆ. ಇನ್ನು ದಾಖಲೆ ಇಡುವ ಹೊಣೆ ಹಳೇ ಕಾಯ್ದೆಯ 37ನೇ ಸೆಕ್ಷನ್ನಿನಲ್ಲೂ ಇತ್ತು, 2016ರ ಹೊಸ ಅಂಗವಿಕಲರ ಕಾಯ್ದೆಯ 22ನೇ ಸೆಕ್ಷನ್ನಿನಲ್ಲೂ ಇದೆ. ಇಟ್ಟಿಲ್ಲ ಅಂತ ಅವರೇ ಸಹಿ ಹಾಕಿ ಕೊಟ್ಟರು.

ಎರಡನೇ ಅಡ್ಡಿ, ಕೋಟಾದಲ್ಲಿ ನೇಮಕವಾಗಿಲ್ಲ ಅನ್ನುವುದು. ಮೊದಲು ಅಕ್ಕ ಕಂಡಿದ್ದ ವಕೀಲರು ಇದೇ ಕಾರಣಕ್ಕೆ ಕೇಸು ಬೇಡ ಅಂದಿದ್ದರಂತೆ. 2021ರ ಜೂನ್ 28ರಂದು ಆ ಅಡ್ಡಿಯೂ ಹೋಯಿತು. ಕೇರಳದ ಲೀಸಮ್ಮ ಜೋಸೆಫ್ ಅವರ ಪ್ರಕರಣ. ಅವರಿಗೂ ಪೋಲಿಯೊದಿಂದ ಬಂದ ಅಂಗವಿಕಲತೆ. ಅವರೂ ಅನುಕಂಪದ ಮೇಲೆ ಪೊಲೀಸ್ ಇಲಾಖೆಯಲ್ಲಿ ಗುಮಾಸ್ತರಾಗಿ ಸೇರಿದವರು. ನೌಕರಿಗೆ ಯಾವ ದಾರಿಯಲ್ಲಿ ಬಂದರು ಅನ್ನುವುದು ಮುಖ್ಯವಲ್ಲ, ಬಡ್ತಿಯ ಹೊತ್ತಿಗೆ ಅಂಗವಿಕಲತೆ ಇದೆಯೇ ಅನ್ನುವುದು ಮುಖ್ಯ ಅಂತ ಕೋರ್ಟ್ ಹೇಳಿತು. ನಿಯಮ ಮಾಡಿಲ್ಲ ಅನ್ನುವ ನೆಪದಲ್ಲಿ ಹಕ್ಕು ತಪ್ಪಿಸಬಾರದು ಅಂತಲೂ ಹೇಳಿತು. ಓದಿದಾಗ ಅಕ್ಕ, "ಇದು ನನ್ನ ಕಥೇನೇ ಅಲ್ರೀ" ಅಂದರು.

ಹಳೇ ವೇತನ ಬಿಲ್ಲು

ಆಮೇಲೆ ಇನ್ನೊಂದು ತಕರಾರು ಬಂತು. ಅಕ್ಕನ ಯುಡಿಐಡಿ ಕಾರ್ಡಿನ, ಅಂದರೆ ವಿಕಲಚೇತನರ ಗುರುತಿನ ಚೀಟಿಯ, ಮೇಲೆ 2019ರ ದಿನಾಂಕ ಇತ್ತು. ಹಾಗಾದರೆ ಇವರು 2019ರಿಂದ ವಿಕಲಚೇತನರು, 2016ರ ಹುದ್ದೆಗೆ ಹೇಗೆ ಕೇಳುತ್ತಾರೆ ಅಂತ ಟಿಪ್ಪಣಿ ಬರೆದರು. ಎದುರಿಗೇ ಊರುಗೋಲು ಹಿಡಿದು ಓಡಾಡುವ ಹೆಂಗಸಿನ ಬಗ್ಗೆ ಬರೆದದ್ದು ಇದು. ಆದರೆ ಕಡತಕ್ಕೆ ಕಣ್ಣಿಲ್ಲ, ಅದಕ್ಕೆ ಕಾಗದವೇ ಬೇಕು.

ಕಾಗದ ಸಿಕ್ಕಿದ್ದು ದಾಖಲೆ ಕೊಠಡಿಯಲ್ಲಿ. ಅದು ಮಹಡಿ ಮೇಲೆ. ಲಿಫ್ಟ್ ಇಲ್ಲ. ಅಕ್ಕ ಕಂಬಿ ಹಿಡಿದು ಒಂದೊಂದೇ ಮೆಟ್ಟಿಲು ಹತ್ತಿದರು. ನಾನು ಕಡತ ತಂದುಕೊಡಲು ಹೇಳುತ್ತೇನೆ ಅಂದರೆ ಕೇಳಲಿಲ್ಲ. ಕೆಂಪು ಬಟ್ಟೆಯ ಕಟ್ಟುಗಳಲ್ಲಿ ಹಳೇ ವೇತನ ಬಿಲ್ಲುಗಳಿದ್ದವು. 1998ನೇ ಇಸವಿಯದ್ದು ಬಿಚ್ಚಿದೆವು. ಇಂಕು ಮಸುಕಾಗಿತ್ತು, ಓದಲು ಬರುತ್ತಿತ್ತು. ಅಕ್ಕನ ಹೆಸರಿನ ಸಾಲಿನಲ್ಲಿ ಮೂಲ ವೇತನ, ತುಟ್ಟಿಭತ್ಯೆ, ಮನೆ ಬಾಡಿಗೆ ಭತ್ಯೆ. ಅದರ ಪಕ್ಕ, ಕೈಯಲ್ಲಿ ಗೆರೆ ಎಳೆದು ಮಾಡಿದ ಒಂದು ಕಾಲಮ್ಮು. ಅಂಗವಿಕಲ ನೌಕರರಿಗೆ ಸಿಗುವ ವಾಹನ ಭತ್ಯೆ. ಇಡೀ ಬಿಲ್ಲಿನಲ್ಲಿ ಆ ಕಾಲಮ್ಮಿನಲ್ಲಿ ಒಂದೇ ಅಂಕಿ ಇತ್ತು, ಅದು ಅಕ್ಕನದ್ದು. ಕೆಳಗೆ ವೇತನ ಬಟವಾಡೆ ಅಧಿಕಾರಿಯ ಸಹಿ, ಖಜಾನೆಯ ಮೊಹರು. ಅಕ್ಕ ವಿಕಲಚೇತನರು ಅಂತ ಸರ್ಕಾರ ತಿಂಗಳು ತಿಂಗಳು ಒಪ್ಪಿಕೊಂಡು ದುಡ್ಡು ಕೊಟ್ಟಿದೆ ಅನ್ನುವುದಕ್ಕೆ ಇದಕ್ಕಿಂತ ಒಳ್ಳೇ ಸಾಕ್ಷಿ ಬೇಕೇ? 1993ರಲ್ಲಿ ಕೆಲಸಕ್ಕೆ ಸೇರುವಾಗ ಕೊಟ್ಟ ವೈದ್ಯಕೀಯ ಪ್ರಮಾಣಪತ್ರದಲ್ಲೂ ಬಲಗಾಲಿನ ಪೋಲಿಯೊ ವಿಷಯ ಇತ್ತು. ಎರಡರ ದೃಢೀಕೃತ ನಕಲು ತೆಗೆದುಕೊಂಡೆವು.

ಅಧೀಕ್ಷಕರು ತಪಾಸಣೆಗೆ ಓಡಾಡಬೇಕು, ಇವರಿಗೆ ಆಗುತ್ತಾ ಅಂತ ಬಾಯಿಮಾತಿನಲ್ಲಿ ಕೇಳಿದವರೂ ಇದ್ದರು. ಅದಕ್ಕೆ ಪ್ರಭಾರದ ಆದೇಶ, ಅಕ್ಕನ ಸಹಿ ಇದ್ದ ತಪಾಸಣಾ ವರದಿಗಳು ಸಾಕಾದವು.

ಯಾರ ವಿರುದ್ಧ ಹೋಗಬೇಕು?

ಅತ್ಯಂತ ಕಷ್ಟದ ತೀರ್ಮಾನ ಇದು. 2019ರಲ್ಲಿ ಬಡ್ತಿ ಪಡೆದ ನಾಲ್ವರ ಆದೇಶವನ್ನು ಪ್ರಶ್ನಿಸಬಹುದಿತ್ತು. ಹಾಗೆ ಮಾಡಿದರೆ ಆ ನಾಲ್ವರನ್ನೂ ಎದುರುದಾರರಾಗಿ ಸೇರಿಸಬೇಕು. ಸೇರಿಸದಿದ್ದರೆ ಅರ್ಜಿಯೇ ಬೀಳುತ್ತದೆ. ವಕೀಲರು ಎರಡೂ ದಾರಿ ಹೇಳಿದರು. ಅಕ್ಕ ಒಪ್ಪಲಿಲ್ಲ. "ಅವ್ರ ಹುದ್ದೆ ನನಗೆ ಬ್ಯಾಡ. ಖಾಲಿ ಇರೋದು ಕೊಡ್ಲಿ ಸಾಕು" ಅಂದರು.

ಕಾನೂನಿನ ಕಣ್ಣಿಂದ ನೋಡಿದರೂ ಅದೇ ಸರಿಯಾಗಿತ್ತು ಅಂತ ನನ್ನ ಅಭಿಪ್ರಾಯ. ಖಾಲಿ ಹುದ್ದೆ ಕೇಳಿದರೆ ಯಾರನ್ನೂ ಕೆಳಗಿಳಿಸಬೇಕಾಗಿಲ್ಲ. ಕೋರ್ಟಿಗೂ ಆದೇಶ ಕೊಡುವುದು ಸುಲಭ. ಜೊತೆಗೆ ಆ ಹುದ್ದೆ ಖಾಲಿಯಾದದ್ದು 2016ರ ಮೇ ತಿಂಗಳಲ್ಲಿ. ಹೊಸ ಕಾಯ್ದೆ ಜಾರಿಯಾದದ್ದು 2017ರ ಏಪ್ರಿಲ್ 19ರಂದು. ಇದು ಯಾಕೆ ಮುಖ್ಯ ಅಂದರೆ, ಹೊಸ ಕಾಯ್ದೆಯ 34ನೇ ಸೆಕ್ಷನ್ನು ಮೀಸಲಾತಿಯನ್ನು ಶೇ 4ಕ್ಕೆ ಏರಿಸಿತು, ಆದರೆ ಬಡ್ತಿಯ ಮೀಸಲಾತಿ ಆಯಾ ಸರ್ಕಾರ ಕಾಲಕಾಲಕ್ಕೆ ಹೊರಡಿಸುವ ಸೂಚನೆಯಂತೆ ಇರಬೇಕು ಅಂತ ಒಂದು ಷರತ್ತನ್ನೂ ಇಟ್ಟಿತು. ಹಳೇ ಕಾಯ್ದೆಯಲ್ಲಿ ಈ ಷರತ್ತು ಇಲ್ಲ.

2021ರ ಕೊನೆಗೆ ಕೆಎಟಿಯಲ್ಲಿ ಅರ್ಜಿ ಹಾಕಿದೆವು. ಆ ಒಂದು ಹುದ್ದೆ ತುಂಬಬಾರದು ಅಂತ ಮಧ್ಯಂತರ ಆದೇಶ ಸಿಕ್ಕಿತು. ಇದು ಸಿಗದೇ ಹೋಗಿದ್ದರೆ ಮುಂದಿನದ್ದೆಲ್ಲ ವ್ಯರ್ಥವಾಗುತ್ತಿತ್ತು.

ಆದರೆ ಜ್ಯೇಷ್ಠತಾ ಪಟ್ಟಿಯಲ್ಲಿ ಮುಂದಿದ್ದ ಸಹೋದ್ಯೋಗಿಯೊಬ್ಬರು ತಾವೇ ಪ್ರಕರಣದಲ್ಲಿ ಸೇರಿಕೊಂಡರು. ಆ ಹುದ್ದೆ ನನ್ನ ಸರದಿ ಅಂತ ಅವರ ವಾದ. ಅವರನ್ನು ನಾನು ದೂರುವುದಿಲ್ಲ. ಇಪ್ಪತ್ತು ವರ್ಷ ಕಾದವರು ಅವರು. ಇಲಾಖೆ ಕಾಲಕಾಲಕ್ಕೆ ಲೆಕ್ಕ ಇಟ್ಟಿದ್ದರೆ ವಿಕಲಚೇತನರ ಹುದ್ದೆ ಯಾವತ್ತೋ ತುಂಬಿರುತ್ತಿತ್ತು, ಈ ಇಬ್ಬರು ಎದುರುಬದುರು ನಿಲ್ಲಬೇಕಾಗಿರಲಿಲ್ಲ. ಒಂದೇ ಶಾಖೆಯಲ್ಲಿ ಕೂತು ಇಬ್ಬರೂ ತಿಂಗಳುಗಟ್ಟಲೆ ಮಾತು ಬಿಟ್ಟರು. ಮಧ್ಯಾಹ್ನ ಒಟ್ಟಿಗೆ ಬುತ್ತಿ ಬಿಚ್ಚುತ್ತಿದ್ದವರು ಬೇರೆ ಬೇರೆ ಕೂತು ಉಂಡರು. ಅಕ್ಕನಿಗೆ ಹಿಂಬರಹಕ್ಕಿಂತ ಜಾಸ್ತಿ ನೋವು ಕೊಟ್ಟದ್ದು ಇದು.

ಏನಾಯಿತು

ವಿಚಾರಣೆ ನಡೆಯುತ್ತಿದ್ದಾಗಲೇ, 2022ರ ಮೇ 20ರಂದು, ಹಿಮಾಚಲ ಪ್ರದೇಶದ ರಾಜ್ ಕುಮಾರ್ ಪ್ರಕರಣದ ತೀರ್ಪು ಬಂತು. ಹುದ್ದೆ ಖಾಲಿಯಾದ ದಿನ ಇದ್ದ ನಿಯಮದಂತೆಯೇ ಅದನ್ನು ತುಂಬಬೇಕು ಅನ್ನುವ 1983ರ ರಂಗಯ್ಯ ತೀರ್ಪನ್ನು ಸುಪ್ರೀಂ ಕೋರ್ಟ್ ತಳ್ಳಿಹಾಕಿತ್ತು. ಸರ್ಕಾರಿ ವಕೀಲರು ಅದನ್ನೇ ಹಿಡಿದರು. ಸಮಿತಿ ಸೇರಿದ್ದು 2019ರಲ್ಲಿ, ಹಾಗಾಗಿ ಹೊಸ ಕಾಯ್ದೆ ಅನ್ವಯ, ಸೂಚನೆಯ ಷರತ್ತೂ ಅನ್ವಯ ಅಂದರು. ನಮ್ಮ ವಕೀಲರು ಎರಡು ಉತ್ತರ ಕೊಟ್ಟರು. ರಾಜ್ ಕುಮಾರ್ ತೀರ್ಪು ಇಲಾಖೆ ಮಾಡಿಕೊಂಡ ನೇಮಕಾತಿ ನಿಯಮಗಳ ಬಗ್ಗೆ, ಸಂಸತ್ತಿನ ಕಾಯ್ದೆಯಿಂದ ಬಂದ ಬಾಕಿ ಹಕ್ಕಿನ ಬಗ್ಗೆ ಅಲ್ಲ. ಎರಡನೆಯದು, 1996ರಿಂದ ಬಿಂದು ಬಾಕಿ ಉಳಿಸಿಕೊಂಡವರೇ ಈಗ ಹೊಸ ಕಾಯ್ದೆಯ ಮರೆಗೆ ಹೋಗಬಾರದು.

ನ್ಯಾಯಮಂಡಳಿ ಮೊದಲನೇ ಪ್ರಶ್ನೆಯನ್ನು ಪೂರ್ತಿ ತೀರ್ಮಾನಿಸಲಿಲ್ಲ. ಎರಡನೆಯದನ್ನು ಒಪ್ಪಿತು. ಹಿಂಬರಹ ರದ್ದು ಮಾಡಿತು. 1996ರಿಂದ ಖಾಲಿ ಹುದ್ದೆಗಳ ಲೆಕ್ಕ ತೆಗೆದು, ಮೂರು ತಿಂಗಳಲ್ಲಿ ಅರ್ಜಿದಾರರನ್ನು ಪರಿಗಣಿಸಿ ಅಂತ ಇಲಾಖೆಗೆ ನಿರ್ದೇಶನ ಕೊಟ್ಟಿತು. ಗಮನಿಸಿ, ಬಡ್ತಿ ಕೊಡಿ ಅಂತ ಅಲ್ಲ. ಇಂಥ ಪ್ರಕರಣಗಳಲ್ಲಿ ಸಾಮಾನ್ಯವಾಗಿ ಸಿಗುವುದು ಇಷ್ಟೇ. ಆದೇಶ ಕೈಗೆ ಬಂದ ದಿನ ಸಿಹಿ ಹಂಚಿ ಸುಮ್ನೆ ಕೂತರೆ ಅದು ಕಡತದಲ್ಲೇ ಉಳಿಯುತ್ತದೆ.

ಉಳಿಯಿತು ಕೂಡ. ಮೂರು ತಿಂಗಳು ಕಳೆಯಿತು. ಅಕ್ಕನಿಗೆ 2024ರಲ್ಲಿ ನಿವೃತ್ತಿ. ನ್ಯಾಯಾಂಗ ನಿಂದನೆ ಅರ್ಜಿ ಹಾಕಿ ನೋಟಿಸ್ ಹೋದ ಮೇಲೆ ಸಮಿತಿ ಸೇರಿತು. 2023ರಲ್ಲಿ ಬಡ್ತಿ ಆದೇಶ ಬಂತು, ಆದೇಶದ ದಿನದಿಂದ ಜಾರಿಗೆ. ನಾವು 2019ರಿಂದ ಕೊಡಿ ಅಂತ ಕೇಳಿದೆವು. ಕೊನೆಗೆ 2019ರಿಂದ ಕಾಲ್ಪನಿಕ ಬಡ್ತಿ ಕೊಟ್ಟರು. ವೇತನ ನಿಗದಿ ಅಲ್ಲಿಂದಲೇ, ಹಿಂಬಾಕಿ ಮಾತ್ರ ಇಲ್ಲ.

ಹಿಂಬಾಕಿಗಾಗಿ ಹೈಕೋರ್ಟಿಗೆ ಹೋಗಬೇಕೇ? ಅಕ್ಕನ ಮಗ ಹೋಗೋಣ ಅಂದ. ಅಕ್ಕ ಬೇಡ ಅಂದರು, ನಾನೂ ಬೇಡ ಅಂದೆ. ಅಕ್ಕ 2006ರ ಏಪ್ರಿಲ್‌ಗೆ ಮುಂಚೆ ಸೇರಿದವರು, ಹಳೇ ಪಿಂಚಣಿ. ಅದು ನಿಂತಿರುವುದು ಕೊನೆಯ ವೇತನದ ಮೇಲೆ, ಆ ವೇತನ ಈಗ ಸರಿಯಾಗಿದೆ. ನಾವು ರಿಟ್ ಹಾಕಿದರೆ ಇಲಾಖೆಯೂ ಕೆಎಟಿ ಆದೇಶದ ವಿರುದ್ಧ ರಿಟ್ ಹಾಕಬಹುದು. ನ್ಯಾಯಮಂಡಳಿ ತೀರ್ಮಾನಿಸದೆ ಬಿಟ್ಟ ಪ್ರಶ್ನೆ ಅಲ್ಲಿ ಏಳುತ್ತದೆ. ತಡೆಯಾಜ್ಞೆ ಬಂದರೆ ನಿವೃತ್ತಿಯ ಹೊತ್ತಿಗೆ ಎಲ್ಲವೂ ತೂಗಾಡುತ್ತದೆ. ಇನ್ನೂ ಹತ್ತು ವರ್ಷ ಸೇವೆ ಇದ್ದವರಿಗಾದರೆ ನಾನು ಬೇರೆಯೇ ಸಲಹೆ ಕೊಡುತ್ತಿದ್ದೆ.

ಎದುರು ನಿಂತಿದ್ದ ಸಹೋದ್ಯೋಗಿಗೂ ಅದೇ ವರ್ಷ ಇನ್ನೊಂದು ಹುದ್ದೆ ಖಾಲಿಯಾಗಿ ಬಡ್ತಿ ಸಿಕ್ಕಿತು. ಅಕ್ಕನ ಬೀಳ್ಕೊಡುಗೆಯಲ್ಲಿ ಮಾತಾಡಿದವರಲ್ಲಿ ಅವರೂ ಒಬ್ಬರು.

ಆ ಕಚೇರಿಯಲ್ಲಿ ಈಗ ವಿಕಲಚೇತನರ ಬಡ್ತಿ ರಿಜಿಸ್ಟರ್ ತೆರೆದಿದ್ದಾರೆ. ಚಲನೆಯ ವರ್ಗದ ಬಿಂದು ಅಕ್ಕನಿಂದ ತುಂಬಿದೆ. ದೃಷ್ಟಿ ಮತ್ತು ಶ್ರವಣ ವರ್ಗದ ಎರಡು ಬಿಂದು ಬಾಕಿ ಅಂತ ಅವರೇ ಕೆಂಪು ಶಾಯಿಯಲ್ಲಿ ಬರೆದಿದ್ದಾರೆ. ಅದೇ ಇಲಾಖೆಯಲ್ಲಿ ಕಿವಿ ಕೇಳಿಸದ ಪ್ರಥಮ ದರ್ಜೆ ಸಹಾಯಕರೊಬ್ಬರು ಆ ಪುಟದ ನಕಲು ಪಡೆದು ಮನವಿ ಕೊಟ್ಟಿದ್ದಾರೆ. ಸೇವಾ ಪುಸ್ತಕದಲ್ಲಿ ಅಂಗವಿಕಲತೆಯ ನಮೂದು ಮೊದಲೇ ಮಾಡಿಸಿಕೊಂಡಿದ್ದಾರೆ. ಮನವಿ ತಲುಪಿದ ದಿನಾಂಕದ ಮೊಹರು ಹಾಕಿಸಿಕೊಂಡು, ಆರು ತಿಂಗಳಲ್ಲಿ ಉತ್ತರ ಬಾರದಿದ್ದರೆ ಕೆಎಟಿಗೆ ಹೋಗಬೇಕಾದ ಗಡುವನ್ನು ಅದೇ ಹಾಳೆಯ ಹಿಂದೆ ಬರೆದಿಟ್ಟುಕೊಂಡಿದ್ದಾರೆ. ಮುಂದಿನ ಮುಂಬಡ್ತಿ ಸಮಿತಿಗೆ ಇನ್ನೂ ದಿನ ಗೊತ್ತಾಗಿಲ್ಲ.